ಗುಬ್ಬಿಯಿಂದ ಸುರಭಿಗೆ: ಬಿ.ವಿ. ಕಾರಂತರ ರಂಗಸಂಗೀತ

ಆಧುನಿಕ ಭಾರತೀಯ ರಂಗಭೂಮಿಯ ಚರಿತ್ರೆಯಲ್ಲಿ ಬಿ.ವಿ. ಕಾರಂತರ (1929–2002) ಹೆಸರು ಮುಖ್ಯವಾಗಿ ನಿರ್ದೇಶಕರೆಂಬ ನೆಲೆಯಲ್ಲಿ ದಾಖಲಾಗಿದೆ. ಅವರನ್ನು ಸಂಗೀತ ಸಂಯೋಜಕರೆಂದು ಸ್ಮರಿಸುವ ಸಂದರ್ಭಗಳಲ್ಲಿಯೂ, ಕೆಲವು ಜನಪ್ರಿಯ ರಂಗಗೀತೆಗಳಿಗೆ ಮಟ್ಟು ಹಾಕಿದವರೆಂಬಷ್ಟಕ್ಕೆ ಮಾತು ನಿಂತುಬಿಡುವುದುಂಟು. ಆದರೆ ಕಾರಂತರಲ್ಲಿ ನಿರ್ದೇಶಕ ಮತ್ತು ಸಂಯೋಜಕ ಎಂಬ ಎರಡು ವ್ಯಕ್ತಿತ್ವಗಳನ್ನು ಬಿಡಿಸಿ ನೋಡುವುದು ಸಾಧ್ಯವಿಲ್ಲ. ನಾಟಕದೊಳಗೆ ಸಂಗೀತಕ್ಕೆ ಏನು ಕೆಲಸ ಎಂಬ ಪ್ರಶ್ನೆಯನ್ನು ಅವರಷ್ಟು ದೀರ್ಘಕಾಲ, ಅಷ್ಟು ಭಾಷೆಗಳಲ್ಲಿ ಕೇಳಿಕೊಂಡವರು ವಿರಳ. ಆ ಪ್ರಶ್ನೆಯ ಎರಡು ತುದಿಗಳಲ್ಲಿ ಎರಡು ನಾಟಕ ಕಂಪನಿಗಳಿವೆ. ಒಂದು, ಅವರು ಹದಿಹರೆಯದಲ್ಲಿ ಸೇರಿಕೊಂಡ ಗುಬ್ಬಿ ಕಂಪನಿ. ಇನ್ನೊಂದು, ಅವರು ತಮ್ಮ ವೃತ್ತಿಜೀವನದ ಕೊನೆಯ ಘಟ್ಟದಲ್ಲಿ ಹೈದರಾಬಾದಿನಲ್ಲಿ ಕೂಡಿ ಕೆಲಸ ಮಾಡಿದ ತೆಲುಗಿನ ಸುರಭಿ. ಈ ಎರಡು ತುದಿಗಳ ನಡುವೆ ಅವರ ರಂಗಸಂಗೀತದ ಕಲ್ಪನೆ ರೂಪುಗೊಂಡ ಬಗೆಯನ್ನು ವಿವರಿಸುವುದು ಪ್ರಸ್ತುತ ಲೇಖನದ ಉದ್ದೇಶ.

1. ಕಂಪನಿ ನಾಟಕದ ಸಂಗೀತ

ಗುಬ್ಬಿ ಶ್ರೀ ಚನ್ನಬಸವೇಶ್ವರ ನಾಟಕ ಸಂಘ ಹುಟ್ಟಿದ್ದು 1884ರಲ್ಲಿ, ತುಮಕೂರು ಸೀಮೆಯ ಗುಬ್ಬಿಯಲ್ಲಿ. ಅದರ ಮರುವರ್ಷ, 1885ರಲ್ಲಿ, ಕಡಪಾ ಜಿಲ್ಲೆಯ ಸುರಭಿ ಎಂಬ ಗ್ರಾಮದಲ್ಲಿ ವನಾರಸ ಗೋವಿಂದರಾಯರು ‘ಕೀಚಕವಧ’ ನಾಟಕವನ್ನು ಆಡಿಸಿದರು. ತೊಗಲುಗೊಂಬೆಯಾಟವನ್ನು ಕುಲವೃತ್ತಿಯಾಗಿ ಉಳ್ಳ ಮನೆತನವೊಂದು ಗೊಂಬೆಯ ಹಿಂದಿನಿಂದ ರಂಗದ ಮುಂದಕ್ಕೆ ಬಂದ ಘಟನೆ ಅದು. ಆ ಗ್ರಾಮದ ಹೆಸರೇ ಮುಂದೆ ಕಂಪನಿಯ ಹೆಸರಾಯಿತು. ಒಂದೇ ವರ್ಷದ ಅಂತರದಲ್ಲಿ ಎರಡು ನೆರೆ ಭಾಷೆಗಳಲ್ಲಿ ಇಂಥ ಎರಡು ಸಂಸ್ಥೆಗಳು ತಲೆಯೆತ್ತಿದ್ದು ಕೇವಲ ಆಕಸ್ಮಿಕವೆಂದು ನಾವು ಭಾವಿಸಬೇಕಿಲ್ಲ. 1880ರಲ್ಲಿ ಪುಣೆಯಲ್ಲಿ ಅಣ್ಣಾಸಾಹೇಬ ಕಿರ್ಲೋಸ್ಕರರ ‘ಸಂಗೀತ ಶಾಕುಂತಲ’ ರಂಗವೇರಿತ್ತು. ಪಾರಸಿ ಕಂಪನಿಗಳು ಮುಂಬಯಿಯಿಂದ ಹೊರಟು ದಕ್ಷಿಣದ ನಗರಗಳಲ್ಲಿ ಬಣ್ಣದ ಪರದೆ, ಯಂತ್ರಚಮತ್ಕಾರ ಹಾಗೂ ಹಾಡುಗಳ ಹೊಸ ರುಚಿಯನ್ನು ಹಬ್ಬಿಸಿದ್ದವು. ಎರಡು ಭಾಷೆಗಳ ಗಡಿಯಾದ ಬಳ್ಳಾರಿಯಲ್ಲಿ ಧರ್ಮವರಂ ರಾಮಕೃಷ್ಣಾಚಾರ್ಯರು (1853–1912) ತೆಲುಗು ನಾಟಕದೊಳಕ್ಕೆ ಹಾಡನ್ನು ತಂದರು. ಅದೇ ಬಳ್ಳಾರಿಯ ರಾಘವರು ಮುಂದೆ ಕನ್ನಡ, ತೆಲುಗು ಎರಡರಲ್ಲಿಯೂ ಹೆಸರಾಂತ ನಟರಾದರು. ಆದ್ದರಿಂದ ಕನ್ನಡದ ಕಂಪನಿ ನಾಟಕವನ್ನಾಗಲಿ ತೆಲುಗಿನ ಪದ್ಯನಾಟಕವನ್ನಾಗಲಿ ಒಂದೊಂದು ಭಾಷೆಯ ಸ್ವತಂತ್ರ ಸೃಷ್ಟಿಯೆಂದು ಬೇರೆ ಬೇರೆಯಾಗಿ ವಿವೇಚಿಸಿದರೆ ಚಿತ್ರ ಅಪೂರ್ಣವಾಗುತ್ತದೆ.

ಈ ರಂಗಭೂಮಿಯಲ್ಲಿ ಸಂಗೀತದ ಸ್ಥಾನ ಹೇಗಿತ್ತು? ನಾಂದಿಯಿಂದ ಮಂಗಳದವರೆಗೆ ಹಾಡು ನಾಟಕವನ್ನು ಆವರಿಸಿತ್ತು. ಪೇಟಿ ಮಾಸ್ತರರು ರಂಗದ ಮುಂದೆ ಕುಳಿತು, ನಟನ ಶ್ರುತಿಯನ್ನು ಮಾತ್ರವಲ್ಲದೆ ಇಡೀ ಆಟದ ವೇಗವನ್ನು ಹಿಡಿದಿರುತ್ತಿದ್ದರು. ಹಾಡಬಲ್ಲವನೇ ನಟ ಎಂಬ ನಂಬಿಕೆ ಬಲವಾಗಿತ್ತು. ಪ್ರೇಕ್ಷಕರು ‘ವನ್ಸ್ ಮೋರ್’ ಎಂದು ಕೂಗಿದರೆ, ರಂಗದ ಮೇಲೆ ಪ್ರಾಣ ಬಿಡುತ್ತಿದ್ದ ಪಾತ್ರವೂ ಎದ್ದು ಮತ್ತೊಮ್ಮೆ ಹಾಡಬೇಕಾಗುತ್ತಿತ್ತು. ಹಿಂದೂಸ್ಥಾನಿ ಚೀಜುಗಳು, ಮರಾಠಿ ರಂಗಗೀತೆಗಳು, ಗ್ರಾಮಫೋನಿನಲ್ಲಿ ಬಂದ ಹಾಡುಗಳು, ಎಲ್ಲದರ ಮಟ್ಟುಗಳೂ ಕನ್ನಡದ ಮಾತನ್ನು ತೊಟ್ಟು ರಂಗಕ್ಕೆ ಬಂದವು. ತೆಲುಗಿನಲ್ಲಿ ಇದಕ್ಕೆ ಪದ್ಯದ ಇನ್ನೊಂದು ಆಯಾಮ ಸೇರಿತು. ಕಂದ, ಸೀಸ, ಉತ್ಪಲಮಾಲೆಗಳನ್ನು ದೀರ್ಘ ರಾಗಾಲಾಪನೆಯೊಂದಿಗೆ ಎತ್ತರದ ದನಿಯಲ್ಲಿ ಹಾಡುವುದೇ ಅಲ್ಲಿ ಅಭಿನಯದ ಶಿಖರವೆನಿಸಿತು. ಹೀಗೆ ಹಾಡು ಬಂದಾಗ ಕಥೆ ನಿಲ್ಲುತ್ತಿತ್ತು. ಹಾಡು ಮುಗಿದ ಮೇಲೆ ಕಥೆ ಮುಂದುವರಿಯುತ್ತಿತ್ತು. ಇದನ್ನು ದೋಷವೆಂದು ಹಳಿದು, ಇಪ್ಪತ್ತನೆಯ ಶತಮಾನದ ಮೊದಲರ್ಧದ ವಿಲಾಸಿ ರಂಗಭೂಮಿ ಹಾಡನ್ನು ಬಹುಮಟ್ಟಿಗೆ ನಾಟಕದಿಂದ ಹೊರಗಟ್ಟಿತು. ವಾಸ್ತವವಾದದ ಹೆಸರಿನಲ್ಲಿ ಬಂದ ಗದ್ಯನಾಟಕಕ್ಕೆ ಸಂಗೀತ ಅನಗತ್ಯವೆನಿಸಿತು.

ಕಾರಂತರು ಬಂದದ್ದು ಈ ಎರಡು ನಿಲುವುಗಳ ನಡುವೆ. ಹಾಡು ನಾಟಕವನ್ನು ನಿಲ್ಲಿಸುವುದನ್ನು ಅವರು ಬಲ್ಲರು, ಹಾಡಿಲ್ಲದ ನಾಟಕ ಬಡವಾಗುವುದನ್ನೂ ಬಲ್ಲರು. ಹಾಡನ್ನು ಬಿಡದೆ, ಅದು ಕಥೆಯನ್ನು ನಿಲ್ಲಿಸದಂತೆ ಮಾಡುವುದು ಹೇಗೆ ಎಂಬುದೇ ಅವರ ಜೀವಮಾನದ ಶೋಧವಾಯಿತೆಂದು ನಾವು ಹೇಳಬಹುದು.

2. ಬಾಬುಕೋಡಿಯಿಂದ ಕಾಶಿಗೆ

ಬಾಬುಕೋಡಿ ವೆಂಕಟರಮಣ ಕಾರಂತರು ಹುಟ್ಟಿದ್ದು ದಕ್ಷಿಣ ಕನ್ನಡದ ಬಂಟ್ವಾಳ ತಾಲೂಕಿನ ಮಂಚಿ ಗ್ರಾಮದಲ್ಲಿ. ಆ ಪರಿಸರದ ಧ್ವನಿಪ್ರಪಂಚ ಸಂಕೀರ್ಣವಾದುದು. ಯಕ್ಷಗಾನದ ಚೆಂಡೆ–ಮದ್ದಳೆ, ಭೂತಾರಾಧನೆಯ ಪಾಡ್ದನ, ಭಜನೆ, ದೇವಸ್ಥಾನದ ವಾದ್ಯ, ತುಳು ಮತ್ತು ಕನ್ನಡದ ಬೇರೆ ಬೇರೆ ಲಯಗಳು ಅಲ್ಲಿ ಒಟ್ಟಿಗೆ ಬಾಳುತ್ತವೆ. ಪ್ರಾಥಮಿಕ ಶಾಲೆಯಲ್ಲಿದ್ದಾಗಲೇ ಕುವೆಂಪು ಅವರ ‘ನನ್ನ ಗೋಪಾಲ’ದಲ್ಲಿ ಪಾತ್ರ ವಹಿಸಿದ ಬಾಲಕ, ಕೆಲವು ವರ್ಷಗಳ ನಂತರ ಮನೆಬಿಟ್ಟು ಗುಬ್ಬಿ ವೀರಣ್ಣನವರ (1891–1972) ಕಂಪನಿಯನ್ನು ಸೇರಿದ. ಮುಂದೆ ಕನ್ನಡ ಚಿತ್ರರಂಗದ ಮೇರುನಟರಾದ ರಾಜಕುಮಾರ್ ಅವರೂ ಆ ಕಂಪನಿಯಲ್ಲಿದ್ದರು. 1934ರ ‘ಕುರುಕ್ಷೇತ್ರ’ದಲ್ಲಿ ಆನೆ ಕುದುರೆಗಳನ್ನೇ ರಂಗಕ್ಕೆ ತಂದು ಪ್ರಸಿದ್ಧವಾಗಿದ್ದ ಕಂಪನಿ ಅದು. ಅಲ್ಲಿ ಹುಡುಗನಿಗೆ ದೊರೆತದ್ದು ಪಾಠಶಾಲೆಯ ಕ್ರಮದ ಶಿಕ್ಷಣವಲ್ಲ. ಇರುಳೆಲ್ಲ ಆಟ ನೋಡುತ್ತ, ನೂರಾರು ಹಾಡುಗಳನ್ನು ಕಿವಿಯಿಂದಲೇ ಕಲಿಯುತ್ತ, ಯಾವ ಹಾಡಿಗೆ ಸಭೆ ಮಿಸುಕುತ್ತದೆ, ಯಾವುದಕ್ಕೆ ಆಕಳಿಸುತ್ತದೆ ಎಂಬುದನ್ನು ಅರಿಯುತ್ತ ಪಡೆದ ಶಿಕ್ಷಣ ಅದು.

ಹುಡುಗನ ಕಲಿಕೆಯ ಹಸಿವನ್ನು ಕಂಡ ವೀರಣ್ಣನವರು ಅವರನ್ನು ಕಾಶಿಗೆ ಕಳುಹಿಸಿದರು. ಬನಾರಸ ಹಿಂದೂ ವಿಶ್ವವಿದ್ಯಾಲಯದಲ್ಲಿ ಅವರು ಹಿಂದಿಯಲ್ಲಿ ಸ್ನಾತಕೋತ್ತರ ಪದವಿ ಪಡೆದರು. ಪಂಡಿತ್ ಓಂಕಾರನಾಥ ಠಾಕೂರರಲ್ಲಿ (1897–1967) ಹಿಂದೂಸ್ಥಾನಿ ಸಂಗೀತವನ್ನು ಅಭ್ಯಾಸ ಮಾಡಿದರು. ಓಂಕಾರನಾಥರ ಗಾಯನದ ವೈಶಿಷ್ಟ್ಯವನ್ನು ನಾವು ಇಲ್ಲಿ ನೆನೆಯಬೇಕು. ಒಂದು ಪದವನ್ನು ಹಲವು ಭಾವಗಳಲ್ಲಿ ಉಚ್ಚರಿಸಿ, ರಾಗವನ್ನು ನಾಟಕೀಯವಾಗಿ ಬೆಳೆಸುವುದು ಅವರ ಮಾರ್ಗವಾಗಿತ್ತು. ಕಂಪನಿಯ ಅಂಗಳದಿಂದ ಬಂದ ಶಿಷ್ಯನಿಗೆ ಇದು ಪರಕೀಯವೆನಿಸಿರಲಾರದು. ಬಳಿಕ ದೆಹಲಿಯ ರಾಷ್ಟ್ರೀಯ ನಾಟಕ ಶಾಲೆಯಿಂದ 1962ರಲ್ಲಿ ಪದವೀಧರರಾಗಿ, ಇಬ್ರಾಹಿಂ ಅಲ್ಕಾಜಿಯವರ ಶಿಸ್ತಿನ, ಪಾಶ್ಚಾತ್ಯ ರಂಗಕಲೆಯ ಪರಿಚಯವಿದ್ದ ರಂಗದೃಷ್ಟಿಯನ್ನೂ ಅವರು ಕಂಡರು. ದೆಹಲಿಯ ಸರ್ದಾರ್ ಪಟೇಲ್ ವಿದ್ಯಾಲಯದಲ್ಲಿ ಅಧ್ಯಾಪಕರಾಗಿದ್ದಾಗ ಮಕ್ಕಳೊಂದಿಗೆ ಮಾಡಿದ ಕೆಲಸವೂ ಮುಖ್ಯವಾದುದು. ಮಕ್ಕಳ ಬಾಯಲ್ಲಿ ಮಾತು, ಆಟ, ಹಾಡುಗಳ ನಡುವೆ ಗೆರೆ ಇರುವುದಿಲ್ಲ. ‘ಪಂಜರ ಶಾಲೆ’, ‘ಅಳಿಲು ರಾಮಾಯಣ’ದಂಥ ಮಕ್ಕಳ ನಾಟಕಗಳಲ್ಲಿ ಕಾರಂತರು ಬೆಳೆಸಿದ ಸಂಗೀತಕ್ಕೆ ಈ ಗೆರೆಯಿಲ್ಲದ ಸ್ಥಿತಿಯೇ ಮಾದರಿ.

3. ಶಬ್ದದಿಂದ ಸಂಗೀತಕ್ಕೆ

1972ರಲ್ಲಿ ಬೆಂಗಳೂರಿನ ಬಯಲಿನಲ್ಲಿ ಕಾರಂತರ ನಿರ್ದೇಶನದ ಮೂರು ನಾಟಕಗಳು ಪ್ರದರ್ಶಿತವಾದವು: ಪಿ. ಲಂಕೇಶರ ಅನುವಾದದ ‘ಈಡಿಪಸ್’, ಅವರದೇ ‘ಸಂಕ್ರಾಂತಿ’ ಹಾಗೂ ಚಂದ್ರಶೇಖರ ಕಂಬಾರರ ‘ಜೋಕುಮಾರಸ್ವಾಮಿ’. ಕನ್ನಡದ ಹವ್ಯಾಸಿ ರಂಗಭೂಮಿಯ ದಿಕ್ಕು ಬದಲಿಸಿದ ಪ್ರಯೋಗಗಳೆಂದು ಇವು ಪ್ರಸಿದ್ಧವಾಗಿವೆ. ಸಂಗೀತದ ದೃಷ್ಟಿಯಿಂದ ನೋಡಿದರೆ ಇವು ಮೂರು ಬೇರೆ ಬೇರೆ ಸಮಸ್ಯೆಗಳು. ಮೊದಲನೆಯದರಲ್ಲಿ ಗ್ರೀಕ್ ನಾಟಕದ ಮೇಳವಿದೆ. ಎರಡನೆಯದು ಹನ್ನೆರಡನೆಯ ಶತಮಾನದ ಕಲ್ಯಾಣದ ಚರಿತ್ರೆಯನ್ನು ಕುರಿತದ್ದು. ಮೂರನೆಯದು ಉತ್ತರ ಕರ್ನಾಟಕದ ಬಯಲಾಟದ ಧಾಟಿ ಹಾಗೂ ಜೋಕುಮಾರನ ಆಚರಣೆಯಿಂದ ಹುಟ್ಟಿದ ಕೃತಿ. ಒಂದೇ ಬಗೆಯ ಮಟ್ಟುಗಳು ಈ ಮೂರಕ್ಕೂ ಒಗ್ಗುವುದಿಲ್ಲ. ಪ್ರತಿಯೊಂದು ನಾಟಕವೂ ತನ್ನ ಧ್ವನಿಯ ಮೂಲವನ್ನು ತಾನೇ ಹುಡುಕಿಕೊಳ್ಳಬೇಕೆಂಬ ತತ್ತ್ವ ಇಲ್ಲಿಂದ ಕಾರಂತರಲ್ಲಿ ಸ್ಪಷ್ಟವಾಗುತ್ತದೆ.

ಬೆಂಗಳೂರಿನ ‘ಬೆನಕ’ ತಂಡಕ್ಕಾಗಿ ಅವರು ಮಾಡಿದ ‘ಹಯವದನ’ ಮತ್ತು ‘ಸತ್ತವರ ನೆರಳು’ ಈ ತತ್ತ್ವಕ್ಕೆ ಉತ್ತಮ ನಿದರ್ಶನಗಳು. ಗಿರೀಶ ಕಾರ್ನಾಡರ ‘ಹಯವದನ’ದಲ್ಲಿ ಭಾಗವತನಿದ್ದಾನೆ, ಗಣೇಶನ ಪೂಜೆಯಿದೆ, ಹೆಣ್ಣುಮಕ್ಕಳ ಹಾಡಿದೆ. ಕುದುರೆಮೋರೆಯ ಹಯವದನನು ಪೂರ್ಣ ಕುದುರೆಯಾದ ಮೇಲೆಯೂ ಅವನಲ್ಲಿ ಉಳಿದುಬಿಡುವುದು ಮನುಷ್ಯನ ದನಿ. ಅದನ್ನು ಕಳೆದುಕೊಳ್ಳಲು ಅವನು ರಾಷ್ಟ್ರಗೀತೆ ಹಾಡುತ್ತಾನೆ. ಕೊನೆಗೆ ಅವನ ನಗು ಕೆನೆತವಾಗುತ್ತದೆ. ಅಂದರೆ ದನಿ ಯಾವುದು, ಅದು ಯಾರದು ಎಂಬುದು ಈ ಕೃತಿಯ ವಸ್ತುವೇ ಆಗಿದೆ. ಇಂಥ ಕೃತಿಗೆ ಸಂಗೀತ ಹೊರಗಿನ ಅಲಂಕಾರವಾಗಲಾರದು. ಮಾತು ಯಾವಾಗ ಹಾಡಾಯಿತು, ಹಾಡು ಯಾವಾಗ ಕೂಗಾಯಿತು ಎಂದು ಗುರುತಿಸಲಾಗದಂತೆ ಹೆಣೆಯುವುದು ಇಲ್ಲಿ ಸಂಯೋಜಕನ ಹೊಣೆ.

‘ಸತ್ತವರ ನೆರಳು’ ಜಡಭರತರ (ಜಿ.ಬಿ. ಜೋಶಿ) ನಾಟಕ. ಮಠದ ಉತ್ತರಾಧಿಕಾರದ ಸುತ್ತಲಿನ ಕಪಟವನ್ನು ಅದು ಬಯಲಿಗೆಳೆಯುತ್ತದೆ. ಕಾರಂತರು ಇದರಲ್ಲಿ ಪುರಂದರದಾಸರ ಪದಗಳನ್ನು ಬಳಸಿಕೊಂಡರು. ಭಕ್ತಿಯಿಂದ ಕೇಳುವ ರೂಢಿಯಿರುವ ಪದ ಮಠದೊಳಗಿನ ಸಂಚಿನ ಪಕ್ಕದಲ್ಲಿ ಕೇಳಿಬಂದಾಗ, ಅದೇ ಪದ ವಿಡಂಬನೆಯೂ ಸಾಕ್ಷಿಯೂ ಆಗುತ್ತದೆ. ಪದದ ಅಕ್ಷರವಾಗಲಿ ಅದರ ಭಕ್ತಿಯಾಗಲಿ ಬದಲಾಗಿಲ್ಲ. ಬದಲಾದದ್ದು ಅದರ ಸ್ಥಾನ ಮಾತ್ರ. ದಾಸರ ಪದಗಳೂ ಮೂಲತಃ ತಮ್ಮ ಕಾಲದ ಡಾಂಭಿಕತೆಯ ಎದುರು ನಿಂತ ನುಡಿಗಳೆಂಬುದನ್ನು ನೆನೆದರೆ, ಕಾರಂತರು ಅವನ್ನು ಅವುಗಳ ಮೊದಲ ಕೆಲಸಕ್ಕೇ ಮರಳಿ ಹಚ್ಚಿದರೆಂದು ನಮಗೆ ತೋರುತ್ತದೆ. ಹಳೆಯ ಸಾಮಗ್ರಿಯ ಪುನರ್ಬಳಕೆಯಲ್ಲಿ ಕಂಪನಿ ನಾಟಕದವರು ಮಟ್ಟನ್ನು ಉಳಿಸಿಕೊಂಡು ಮಾತನ್ನು ಬದಲಿಸಿದರು. ಕಾರಂತರು ಮಾತನ್ನು ಉಳಿಸಿಕೊಂಡು ಸಂದರ್ಭವನ್ನು ಬದಲಿಸಿದರು.

ವಾದ್ಯಗಳ ವಿಷಯದಲ್ಲಿಯೂ ಇದೇ ದೃಷ್ಟಿಯನ್ನು ಕಾಣಬಹುದು. ಹಾರ್ಮೋನಿಯಂ, ತಬಲ, ಮದ್ದಳೆಗಳ ಜೊತೆಗೆ ಕಲ್ಲು, ಬಿದಿರು, ಗರಟೆ, ಲೋಹದ ತುಂಡು, ನಟರ ಉಸಿರು ಮತ್ತು ಚಪ್ಪಾಳೆ ಇವೆಲ್ಲ ಅವರ ವಾದ್ಯವೃಂದದಲ್ಲಿ ಸೇರಿದವು. ಶಬ್ದದಲ್ಲಿ ಸಂಗೀತಕ್ಕೆ ಅರ್ಹವಾದದ್ದು, ಅನರ್ಹವಾದದ್ದು ಎಂಬ ಭೇದವನ್ನು ಅವರು ಒಪ್ಪಲಿಲ್ಲ. ಹಾಡನ್ನು ಮೊದಲೇ ಕಟ್ಟಿ ತಂದು ನಟರಿಗೆ ಕಲಿಸುವುದಕ್ಕಿಂತ, ತಾಲೀಮಿನ ನಡುವೆ ನಟರ ನಡೆ ಮತ್ತು ಮಾತಿನ ಏರಿಳಿತವನ್ನು ನೋಡಿ ಅಲ್ಲಿಯೇ ಕಟ್ಟುವುದು ಅವರ ಪದ್ಧತಿಯಾಗಿತ್ತು. ತರಬೇತಾದ ಗಾಯಕರಿಲ್ಲದಿದ್ದರೂ ಅವರ ನಾಟಕಗಳು ಹಾಡಿನಿಂದ ತುಂಬಿರಲು ಇದು ಕಾರಣ. ಹಾಡಬಲ್ಲವನೇ ನಟ ಎಂಬ ಕಂಪನಿಯ ಸೂತ್ರವನ್ನು ತಿರುಗಿಸಿ, ನಟನಾದವನು ಹಾಡಬಲ್ಲ ಎಂದು ಅವರು ಸಾಧಿಸಿ ತೋರಿಸಿದರು.

ಈ ತತ್ತ್ವ ಅತ್ಯಂತ ನಿಚ್ಚಳವಾಗಿ ಕಾಣುವುದು, ವಿಚಿತ್ರವೆನಿಸಿದರೂ, ಅವರ ಚಲನಚಿತ್ರದಲ್ಲಿ. ಶಿವರಾಮ ಕಾರಂತರ ಕಾದಂಬರಿಯನ್ನು ಆಧರಿಸಿ ಬಿ.ವಿ. ಕಾರಂತರು ನಿರ್ದೇಶಿಸಿದ ‘ಚೋಮನ ದುಡಿ’ (1975) ರಾಷ್ಟ್ರಪತಿಗಳ ಸ್ವರ್ಣಕಮಲವನ್ನು ಪಡೆಯಿತು. ಭೂಮಿಯನ್ನು ಸ್ವಂತವಾಗಿ ಬೇಸಾಯ ಮಾಡುವ ಹಕ್ಕಿಲ್ಲದ ಚೋಮ ತನ್ನ ಆಸೆ, ಸಿಟ್ಟು, ದುಃಖಗಳನ್ನು ದುಡಿಯ ಮೇಲೆ ಬಡಿದು ಹೇಳುತ್ತಾನೆ. ಕೊನೆಗೆ ಬಾಗಿಲು ಮುಚ್ಚಿಕೊಂಡು ಬಾರಿಸುತ್ತ ಬಾರಿಸುತ್ತ ಸಾಯುತ್ತಾನೆ. ಈ ದುಡಿಯ ನಾದ ದೃಶ್ಯದ ಹಿನ್ನೆಲೆಯಲ್ಲಿಲ್ಲ. ಅದು ಪಾತ್ರದ ಮಾತೇ ಆಗಿದೆ, ಆ ಸಮಾಜ ಅವನಿಗೆ ಬಿಟ್ಟುಕೊಟ್ಟಿರುವ ಏಕೈಕ ಮಾತು. ಮುಂದೆ ‘ಋಷ್ಯಶೃಂಗ’ (1976) ಹಾಗೂ ಗಿರೀಶ ಕಾಸರವಳ್ಳಿಯವರ ‘ಘಟಶ್ರಾದ್ಧ’ (1977) ಚಿತ್ರಗಳ ಸಂಗೀತಕ್ಕಾಗಿ ಕಾರಂತರು ಸತತ ಎರಡು ವರ್ಷ ರಾಷ್ಟ್ರಪ್ರಶಸ್ತಿ ಪಡೆದರು. ಮೃಣಾಲ್ ಸೇನರ ‘ಪರಶುರಾಮ್’, ‘ಏಕ್ ದಿನ್ ಪ್ರತಿದಿನ್’, ‘ಖಾರಿಜ್’ ಚಿತ್ರಗಳಿಗೂ ಅವರು ಸಂಗೀತ ನೀಡಿದರು. ಹಾಡುಗಳೇ ಇಲ್ಲದ, ಅಥವಾ ಅತಿವಿರಳವಾದ ಚಿತ್ರಗಳಿಗೆ ರಂಗಭೂಮಿಯ ಸಂಯೋಜಕನೊಬ್ಬ ಬೇಕಾದನೆಂಬುದು ಗಮನಾರ್ಹ. ಮೌನವನ್ನು ಎಲ್ಲಿ ಬಿಡಬೇಕೆಂದು ಬಲ್ಲವರು ಅವರಾಗಿದ್ದರು.

4. ಭಾಷೆ ಮತ್ತು ಸಂಸ್ಥೆ

1976ರಲ್ಲಿ ಸಂಗೀತ ನಾಟಕ ಅಕಾಡೆಮಿ ಪ್ರಶಸ್ತಿ, 1981ರಲ್ಲಿ ಪದ್ಮಶ್ರೀ ಕಾರಂತರಿಗೆ ಸಂದವು. ಈ ಅವಧಿಯಲ್ಲಿಯೇ, 1977ರಿಂದ 1981ರವರೆಗೆ, ಅವರು ರಾಷ್ಟ್ರೀಯ ನಾಟಕ ಶಾಲೆಯ ನಿರ್ದೇಶಕರಾಗಿದ್ದರು. ಅಲ್ಲಿ 1979ರಲ್ಲಿ ಅವರು ಶೇಕ್ಸ್‌ಪಿಯರನ ‘ಮ್ಯಾಕ್‌ಬೆತ್’ ನಾಟಕವನ್ನು ರಘುವೀರ ಸಹಾಯರ ಹಿಂದಿ ಅನುವಾದದಲ್ಲಿ ‘ಬರ್ನಂ ವನ’ ಎಂಬ ಹೆಸರಿನಿಂದ, ಯಕ್ಷಗಾನದ ನಡೆಗಳನ್ನು ಬಳಸಿ ಪ್ರಯೋಗಿಸಿದರು. ಯಕ್ಷಗಾನದ ತಾಳಗಳು ಕನ್ನಡದ ಛಂದಸ್ಸಿನೊಂದಿಗೆ ಬೆಳೆದವು. ಹಿಂದಿಯ ಮಾತ್ರೆಗಳ ಲೆಕ್ಕ ಬೇರೆ. ತಾಳವನ್ನು ಹಾಗೆಯೇ ಹೊತ್ತೊಯ್ದರೆ ಭಾಷೆ ಮುರಿಯುತ್ತದೆ, ಭಾಷೆಗೆ ತಾಳವನ್ನು ಪೂರ್ತಿ ಬಗ್ಗಿಸಿದರೆ ಯಕ್ಷಗಾನದ ಬಿಗಿ ಸಡಿಲಾಗುತ್ತದೆ. ಒಂದು ಪ್ರದೇಶದ ರಂಗರೂಪವನ್ನು ಇನ್ನೊಂದು ಭಾಷೆಗೆ ಕೊಂಡೊಯ್ಯುವ ಯಾವ ಪ್ರಯತ್ನವೂ ಎದುರಿಸಬೇಕಾದ ಇಕ್ಕಟ್ಟು ಇದು. ಇಂಥ ಪ್ರಯೋಗಗಳನ್ನು ಪರಂಪರೆಯ ದುರ್ಬಳಕೆಯೆಂದು ಟೀಕಿಸುವ ವಾದವೂ ನಮ್ಮಲ್ಲಿ ಬೆಳೆದಿದೆ. ಆ ವಾದವನ್ನು ಲಘುವಾಗಿ ತಳ್ಳಿಹಾಕಲಾಗದು. ನಗರದ ನಾಟಕಕಾರನೊಬ್ಬ ಜನಪದದ ಲಯವನ್ನು ತೆಗೆದುಕೊಂಡಾಗ, ಆ ಲಯದ ಒಡೆಯರಿಗೆ ಮರಳಿ ಏನು ಸಂದಿತೆಂಬ ಪ್ರಶ್ನೆ ಉಳಿದೇ ಇರುತ್ತದೆ.

ಈ ಪ್ರಶ್ನೆಗೆ ಕಾರಂತರು ಕೊಟ್ಟ ಉತ್ತರ ಬರವಣಿಗೆಯ ರೂಪದಲ್ಲಿಲ್ಲ. ಅದು ಅವರು ಕಟ್ಟಿದ ಸಂಸ್ಥೆಗಳ ರೂಪದಲ್ಲಿದೆ. 1980ರ ದಶಕದಲ್ಲಿ ಭೋಪಾಲದ ಭಾರತ ಭವನದ ರಂಗಮಂಡಲವನ್ನು ಕಟ್ಟುವಾಗ ಅವರು ಬುಂದೇಲಿ, ಮಾಲ್ವಿ, ಛತ್ತೀಸಗಢಿಯಂಥ ನುಡಿಗಳನ್ನು ರಂಗದ ಮೇಲೆ ಶಿಷ್ಟ ಹಿಂದಿಯ ಸಮಕ್ಕೆ ತಂದರು. 1989ರಲ್ಲಿ ಮೈಸೂರಿನಲ್ಲಿ ಆರಂಭವಾದ ರಂಗಾಯಣದ ಸ್ಥಾಪಕ ನಿರ್ದೇಶಕರಾಗಿ, ಕರ್ನಾಟಕದ ಬೇರೆ ಬೇರೆ ಭಾಗಗಳಿಂದ ಬಂದ ಯುವ ಕಲಾವಿದರನ್ನು ಪೂರ್ಣಾವಧಿಯ ನಟರನ್ನಾಗಿ ರೂಪಿಸಿದರು. ಅಲ್ಲಿ ಅವರು ಪ್ರಯೋಗಿಸಿದ ಪು.ತಿ. ನರಸಿಂಹಾಚಾರ್ಯರ ‘ಗೋಕುಲ ನಿರ್ಗಮನ’ ಕನ್ನಡ ಗೀತನಾಟಕದ ಪರಂಪರೆಗೆ ಸಂಬಂಧಿಸಿದಂತೆ ಮಹತ್ವದ ಘಟನೆ. ಸ್ವತಃ ಸಂಗೀತಜ್ಞರಾಗಿದ್ದ ಕವಿಯೊಬ್ಬರು ಹಾಡುವುದಕ್ಕೆಂದೇ ಬರೆದ, ಆದರೆ ಬಹುಮಟ್ಟಿಗೆ ಓದುಗಬ್ಬವಾಗಿ ಉಳಿದಿದ್ದ ಕೃತಿಯನ್ನು ಅದು ನಟರ ಕೊರಳಿಗೆ ಮತ್ತು ಮೈಗೆ ತಂದಿತು. ಒಟ್ಟಾರೆ ಕಾರಂತರು ನಿರ್ದೇಶಿಸಿದ ನಾಟಕಗಳ ಸಂಖ್ಯೆ ನೂರನ್ನು ಮೀರುತ್ತದೆ. ಅರ್ಧಕ್ಕಿಂತ ಹೆಚ್ಚು ಕನ್ನಡದವು. ಅನಂತರದ ಸ್ಥಾನ ಹಿಂದಿಗೆ. ಸಂಸ್ಕೃತ, ಗುಜರಾತಿ, ಪಂಜಾಬಿ, ಮಲಯಾಳ, ತೆಲುಗು ಮೊದಲಾದ ಭಾಷೆಗಳಲ್ಲಿಯೂ ಅವರು ನಾಟಕ ಆಡಿಸಿದರು.

5. ಹೈದರಾಬಾದಿನಲ್ಲಿ ಸುರಭಿ

ತೆಲುಗಿನ ಈ ಪ್ರಯೋಗಗಳು ನಮ್ಮನ್ನು ಹೈದರಾಬಾದಿಗೆ ತರುತ್ತವೆ. ಒಂದು ಕಾಲಕ್ಕೆ ಹತ್ತಾರು ತಂಡಗಳಾಗಿ ಕವಲೊಡೆದು ಊರೂರು ಸುತ್ತುತ್ತಿದ್ದ ಸುರಭಿಯ ಕುಟುಂಬಗಳಲ್ಲಿ ಅನೇಕವು ಇಪ್ಪತ್ತನೆಯ ಶತಮಾನದ ಉತ್ತರಾರ್ಧದಲ್ಲಿ ಈ ನಗರದಲ್ಲಿ ನೆಲೆ ಕಂಡುಕೊಂಡವು. ಶೇರಿಲಿಂಗಂಪಲ್ಲಿಯ ಸುರಭಿ ಕಾಲೊನಿ ಅವರ ವಸತಿ. ಪಬ್ಲಿಕ್ ಗಾರ್ಡನ್ಸ್‌ನ ಲಲಿತ ಕಲಾತೋರಣದಲ್ಲಿ ಅವರ ‘ಮಾಯಾಬಜಾರ್’, ‘ಪಾತಾಳಭೈರವಿ’, ‘ಭಕ್ತ ಪ್ರಹ್ಲಾದ’ಗಳನ್ನು ನಗರದ ಜನ ಕಂಡಿದ್ದಾರೆ. ಒಂದೇ ಮನೆತನದ ಅಜ್ಜಿ, ಮಗಳು, ಮೊಮ್ಮಗ ಒಂದೇ ನಾಟಕದಲ್ಲಿ ಪಾತ್ರ ವಹಿಸುವುದು, ಆರಂಭದ ಕಾಲದಿಂದಲೂ ಸ್ತ್ರೀಪಾತ್ರಗಳನ್ನು ಸ್ತ್ರೀಯರೇ ಮಾಡುವುದು, ಪರದೆ ಕಟ್ಟುವವನೂ ಪೇಟಿ ನುಡಿಸುವವನೂ ದೇವರ ವೇಷ ತೊಡುವವನೂ ಮನೆಯವರೇ ಆಗಿರುವುದು ಈ ಪರಂಪರೆಯ ವೈಶಿಷ್ಟ್ಯ. ಸುರಭಿಯ ಶ್ರೀ ವೆಂಕಟೇಶ್ವರ ನಾಟ್ಯಮಂಡಳಿಯನ್ನು ನಡೆಸಿದ ಆರ್. ನಾಗೇಶ್ವರರಾವ್ ಅವರಿಗೆ 2013ರಲ್ಲಿ ಪದ್ಮಶ್ರೀ ದೊರೆತದ್ದು ಈ ಇಡೀ ಪರಂಪರೆಗೆ ಸಂದ ಗೌರವವೆಂದು ಭಾವಿಸಬಹುದು.

1990ರ ದಶಕದಲ್ಲಿ ಕಾರಂತರು ಈ ಕಲಾವಿದರೊಂದಿಗೆ ಕೆಲಸ ಮಾಡಿ ‘ಭೀಷ್ಮ’, ‘ಚಂಡೀಪ್ರಿಯ’ ಮತ್ತು ‘ಬಸ್ತೀ ದೇವತ ಯಾದಮ್ಮ’ ಎಂಬ ಮೂರು ನಾಟಕಗಳನ್ನು ಸಿದ್ಧಪಡಿಸಿದರು. ಈ ಕೂಡುವಿಕೆಯ ವಿಶೇಷವನ್ನು ನಾವು ಗ್ರಹಿಸಬೇಕು. ದೆಹಲಿಯಲ್ಲಾಗಲಿ ಮೈಸೂರಿನಲ್ಲಾಗಲಿ ಅವರು ನಟರಿಗೆ ಹಾಡುವುದನ್ನು ಕಲಿಸಬೇಕಾಗಿತ್ತು. ಇಲ್ಲಿ ಹಾಡು ನಟರ ರಕ್ತದಲ್ಲಿಯೇ ಇತ್ತು. ಇಲ್ಲಿಯ ಸಮಸ್ಯೆ ಅದಕ್ಕೆ ವಿರುದ್ಧವಾದದ್ದು: ಪದ್ಯ ಬಂದೊಡನೆ ಆಲಾಪನೆಗೆ ಏರಿಬಿಡುವ ಕೊರಳನ್ನು ಕಥೆಯ ಓಟಕ್ಕೆ ಜೋಡಿಸುವುದು ಹೇಗೆ, ಹಾಗೆ ಜೋಡಿಸುವಾಗ ಆ ಕೊರಳಿನ ಸಹಜ ವೈಭವವನ್ನು ಕಳೆಯದಿರುವುದು ಹೇಗೆ? ಮತ್ತೊಂದು ಮಾತೂ ಇದೆ. ಜನಪದ ರೂಪವನ್ನು ನಗರಕ್ಕೆ ತಂದಾಗ ಏಳುತ್ತಿದ್ದ ಒಡೆತನದ ಪ್ರಶ್ನೆ ಇಲ್ಲಿ ತಿರುವುಮುರುವಾಯಿತು. ಇಲ್ಲಿ ನಿರ್ದೇಶಕನೇ ಪರಂಪರೆಯ ಮನೆಗೆ ಅತಿಥಿಯಾಗಿ ಹೋಗಿದ್ದ. ನಾಟಕ ಸಿದ್ಧವಾದ ಮೇಲೆ ಅದು ಆ ಮನೆಯ ಆಸ್ತಿಯಾಗಿ ಉಳಿಯಿತು.

‘ಬಸ್ತೀ ದೇವತ ಯಾದಮ್ಮ’ ಈ ದೃಷ್ಟಿಯಿಂದ ವಿಶೇಷ ವಿವೇಚನೆಗೆ ಅರ್ಹ. ಇದು ಕನ್ನಡದಲ್ಲಿ ಕೆ.ವಿ. ಸುಬ್ಬಣ್ಣನವರ ‘ಸೆಜುವಾನ್ ನಗರದ ಸಾಧ್ವಿ’ಯ ಮೂಲಕ ಪರಿಚಿತವಾದ ಬ್ರೆಖ್ಟನ ನಾಟಕದ ರೂಪಾಂತರ. ಒಳ್ಳೆಯವರನ್ನು ಹುಡುಕಿಕೊಂಡು ಮೂವರು ದೇವತೆಗಳು ಭೂಮಿಗೆ ಬರುತ್ತಾರೆ. ಅವರಿಗೆ ಆಶ್ರಯ ಕೊಡುವವಳು ಒಬ್ಬ ವೇಶ್ಯೆ. ಅವರು ಕೊಟ್ಟ ಹಣದಿಂದ ಅಂಗಡಿ ಇಟ್ಟ ಅವಳಿಗೆ, ಒಳ್ಳೆಯವಳಾಗಿದ್ದರೆ ಬದುಕುವುದು ಸಾಧ್ಯವಿಲ್ಲವೆಂದು ತಿಳಿಯುತ್ತದೆ. ಅವಳು ಗಂಡಿನ ವೇಷ ತೊಟ್ಟು ಕಠೋರವಾಗುತ್ತಾಳೆ. ಬಸ್ತಿ ಎಂದರೆ ಹೈದರಾಬಾದಿನವರಿಗೆ ಬಡವರ ಕೇರಿ. ಯಾದಮ್ಮ ಎಂಬುದು ತೆಲಂಗಾಣದ ಮನೆಮನೆಯಲ್ಲಿ ಕೇಳಿಬರುವ ಹೆಸರು. ಶೀರ್ಷಿಕೆಯಲ್ಲಿಯೇ ನಾಟಕ ಸೆಜುವಾನನ್ನು ಬಿಟ್ಟು ಈ ಊರಿಗೆ ಬಂದಿದೆ. ಕೃಷ್ಣ, ಘಟೋತ್ಕಚರ ವೇಷ ತೊಡುತ್ತಿದ್ದ ಕಲಾವಿದರು ಕೇರಿಯ ಜನರ ಪಾತ್ರಕ್ಕೆ ಇಳಿಯಬೇಕಾಯಿತು.

ಬ್ರೆಖ್ಟನ ಈ ನಾಟಕದಲ್ಲಿ ನೀರು ಮಾರುವವನೊಬ್ಬ ಮಳೆಯಲ್ಲಿ ನಿಂತು ಹಾಡುತ್ತಾನೆ. ಮಳೆ ಬರುತ್ತಿರುವಾಗ ಅವನ ನೀರು ಯಾರಿಗೂ ಬೇಡ. ಇಲ್ಲಿ ಹಾಡು ಪಾತ್ರದ ಭಾವಕ್ಕೆ ಪ್ರೇಕ್ಷಕರನ್ನು ಮುಳುಗಿಸುವುದಿಲ್ಲ, ಪಾತ್ರದ ಸ್ಥಿತಿಯನ್ನು ಅವರ ಮುಂದಿಟ್ಟು ಯೋಚಿಸೆಂದು ಹೇಳುತ್ತದೆ. ನಟ ಒಂದು ಹೆಜ್ಜೆ ಮುಂದೆ ಬಂದು, ಪಾತ್ರದಿಂದ ಕೊಂಚ ಹೊರಗೆ ನಿಂತು ಹಾಡುತ್ತಾನೆ. ಪಾಶ್ಚಾತ್ಯ ರಂಗಭೂಮಿಯಲ್ಲಿ ಇದು ಹೊಸ ಸಿದ್ಧಾಂತವೆನಿಸಿತು. ಆದರೆ ಕಂಪನಿ ನಾಟಕದ ನಟ ನೂರು ವರ್ಷಗಳಿಂದ ಮಾಡುತ್ತಿದ್ದದ್ದು ಇದನ್ನೇ. ಹಾಡು ಬಂದಾಗ ಅವನು ಮುಂದೆ ಬಂದು ಸಭೆಗೆ ಎದುರಾಗುತ್ತಿದ್ದ, ಪಾತ್ರವೂ ಆಗಿರುತ್ತಿದ್ದ, ಪ್ರಸಿದ್ಧ ಗಾಯಕನೂ ಆಗಿರುತ್ತಿದ್ದ. ಕೊರತೆಯಿದ್ದದ್ದು ಒಂದೇ: ಆ ಹೆಜ್ಜೆ ಗಾಯನದ ಪ್ರದರ್ಶನಕ್ಕೆ ಮೀಸಲಾಗಿತ್ತು, ವಿಚಾರಕ್ಕೆ ತೆರೆದಿರಲಿಲ್ಲ. ವಿಲಾಸಿ ರಂಗಭೂಮಿ ದೋಷವೆಂದು ಕಂಡ ಅದೇ ಗುಣ, ಅಂದರೆ ಹಾಡು ಕಥೆಯನ್ನು ತಡೆದು ನಿಲ್ಲಿಸುವ ಗುಣ, ಬ್ರೆಖ್ಟನ ನಾಟಕಕ್ಕೆ ಅಗತ್ಯವಾದ ಶಕ್ತಿಯಾಗಿತ್ತು. ಗುಬ್ಬಿಯನ್ನೂ ದೆಹಲಿಯ ನಾಟಕ ಶಾಲೆಯನ್ನೂ ಒಳಗಿನಿಂದ ಬಲ್ಲ ಕಾರಂತರಂಥವರಿಗೆ ಸುರಭಿಯ ನಟರೂ ಬ್ರೆಖ್ಟನೂ ದೂರದವರಾಗಿ ಕಾಣದಿದ್ದುದು ಸಹಜ. ಅವರ ಜೀವಮಾನದ ಶೋಧದ ವರ್ತುಲ ಇಲ್ಲಿ ಪೂರ್ಣವಾಗುತ್ತದೆಂದು ನಮ್ಮ ಅಭಿಪ್ರಾಯ.

6. ಉಳಿಯಬೇಕಾದದ್ದು

ಕಾರಂತರು 2002ರ ಸೆಪ್ಟೆಂಬರ್ 1ರಂದು ಬೆಂಗಳೂರಿನಲ್ಲಿ ನಿಧನರಾದರು. ವೈದೇಹಿಯವರು ನಿರೂಪಿಸಿದ ಅವರ ಆತ್ಮಕಥೆ ‘ಇಲ್ಲಿರಲಾರೆ ಅಲ್ಲಿಗೆ ಹೋಗಲಾರೆ’ ನಮ್ಮ ಮುಂದಿದೆ. ಅವರ ಹಾಡುಗಳನ್ನು ರಂಗಗೀತೆಗಳ ಕಾರ್ಯಕ್ರಮಗಳಲ್ಲಿ ಇಂದಿಗೂ ಹಾಡುತ್ತಾರೆ. ಇದು ಸಂತೋಷದ ಸಂಗತಿಯೇ. ಆದರೆ ಮೇಲಿನ ವಿವೇಚನೆಯನ್ನು ಒಪ್ಪುವುದಾದರೆ, ಒಂದು ಆತಂಕವನ್ನೂ ಎದುರಿಸಬೇಕಾಗುತ್ತದೆ. ನಾಟಕದಿಂದ ಬಿಡಿಸಿ, ಪಕ್ಕವಾದ್ಯಗಳೊಂದಿಗೆ ಇಂಪಾಗಿ ಹಾಡಿದ ರಂಗಗೀತೆಯಲ್ಲಿ ಮಟ್ಟು ಉಳಿಯುತ್ತದೆ. ಯಾವ ಮಾತಿನ ಬಳಿಕ ಅದು ಹೊರಟಿತು, ಯಾರ ಮೌನವನ್ನು ಅದು ಒಡೆಯಿತು, ನಟ ಅದನ್ನು ನಡೆಯುತ್ತ ಹಾಡಿದನೋ ಕುಸಿದು ಹಾಡಿದನೋ, ಜೊತೆಗೆ ಕೇಳಿದ ಕಲ್ಲಿನ ಸದ್ದು ಎಂಥದು ಎಂಬುದು ಉಳಿಯುವುದಿಲ್ಲ. ‘ಸತ್ತವರ ನೆರಳು’ವಿನ ದಾಸರ ಪದವನ್ನು ನಾಟಕದಿಂದ ಹೊರತೆಗೆದರೆ ಅದು ಮತ್ತೆ ಕೇವಲ ದಾಸರ ಪದವಾಗುತ್ತದೆ. ಕಾರಂತರ ಸಂಯೋಜನೆ ಇದ್ದದ್ದು ಸ್ವರಗಳಲ್ಲಿ ಮಾತ್ರವಲ್ಲ, ಆ ಸ್ಥಾನದ ಆಯ್ಕೆಯಲ್ಲಿ. ತಾಲೀಮಿನಲ್ಲಿ ಹುಟ್ಟಿದ ಈ ಸಂಗೀತದ ನಿಜವಾದ ಹಸ್ತಪ್ರತಿ ನಟರ ನೆನಪು. ಅವರೊಂದಿಗೆ ದುಡಿದ ನಟರಿಗೆ ವಯಸ್ಸಾಗುತ್ತಿರುವಂತೆ ಆ ಹಸ್ತಪ್ರತಿಯ ಪುಟಗಳೂ ಒಂದೊಂದಾಗಿ ಕಳಚುತ್ತಿವೆ.

ಗ್ರಂಥಸಂಪಾದನೆಯಲ್ಲಿ ನಾವು ಪಾಠಾಂತರಗಳನ್ನು ಎಷ್ಟು ಎಚ್ಚರದಿಂದ ಸಂಗ್ರಹಿಸುತ್ತೇವೆಯೋ ಅಷ್ಟೇ ಎಚ್ಚರ ಇಲ್ಲಿಯೂ ಅಗತ್ಯ. ಒಂದೊಂದು ನಾಟಕದ ರಂಗಪ್ರತಿಯ ಪಕ್ಕದಲ್ಲಿ ಹಾಡಿನ ಸ್ಥಾನ, ಲಯ, ವಾದ್ಯ, ಚಲನೆಗಳನ್ನು ನಟರಿಂದಲೇ ಕೇಳಿ ಗುರುತಿಸಬೇಕು. ಅವರು ಹಾಡಿ ತೋರಿಸುವುದನ್ನು ಧ್ವನಿಚಿತ್ರದಲ್ಲಿ ಹಿಡಿದಿಡಬೇಕು. ಒಂದೇ ಹಾಡನ್ನು ಇಬ್ಬರು ನಟರು ಬೇರೆ ಬೇರೆಯಾಗಿ ನೆನೆಸಿಕೊಂಡರೆ ಎರಡನ್ನೂ ದಾಖಲಿಸಬೇಕು. ಕನ್ನಡದ ನಾಟಕಗಳ ಮಟ್ಟಿಗೆ ಈ ಕೆಲಸ ಬೆಂಗಳೂರು, ಮೈಸೂರುಗಳಲ್ಲಿ ನಡೆಯಬೇಕಾದದ್ದು. ಆದರೆ ತೆಲುಗಿನ ಮೂರು ನಾಟಕಗಳ ನೆನಪು ಇರುವುದು ಹೈದರಾಬಾದಿನಲ್ಲಿ, ಸುರಭಿಯ ಕುಟುಂಬಗಳಲ್ಲಿ. ಅದನ್ನು ಕೇಳಲು ತೆಲುಗು ಬೇಕು. ಕೇಳಿದ್ದರಲ್ಲಿ ಯಾವುದು ಸುರಭಿಯದು, ಯಾವುದು ಗುಬ್ಬಿಯಿಂದ ಬಂದದ್ದು, ಯಾವುದು ಯಕ್ಷಗಾನದ ನೆರಳು ಎಂದು ಗುರುತಿಸಲು ಕನ್ನಡವೂ ಬೇಕು. ಎರಡು ಭಾಷೆಗಳ ವಿದ್ವಾಂಸರು ಕೂಡಿ ಮಾಡಬಹುದಾದ, ಕೂಡದೆ ಮಾಡಲಾಗದ ಕೆಲಸ ಇದು. ಕಾಚಿಗುಡದ ಕರ್ನಾಟಕ ಸಾಹಿತ್ಯ ಮಂದಿರದಂಥ ಸಂಸ್ಥೆಗಳ ಸುತ್ತ ಬೆಳೆದ ಹೈದರಾಬಾದಿನ ಕನ್ನಡಿಗರು ಎರಡು ನುಡಿಗಳನ್ನೂ ಮನೆಮಾತಿನಂತೆ ಬಲ್ಲವರು. ಈ ಕಾರ್ಯಕ್ಕೆ ಅವರಿಗಿಂತ ಅರ್ಹರು ಬೇರೆಡೆ ಸಿಗುವುದು ಕಷ್ಟ.

ಗುಬ್ಬಿ ಮತ್ತು ಸುರಭಿ ಒಂದು ವರ್ಷದ ಅಂತರದಲ್ಲಿ ಹುಟ್ಟಿದ ನೆರೆಮನೆಗಳು. ಒಂದು ಮನೆಯಲ್ಲಿ ಬೆಳೆದವರು ಇನ್ನೊಂದಕ್ಕೆ ಹೋಗಿ ಹಾಡು ಕಟ್ಟಿದರು. ಆ ಹಾಡುಗಳನ್ನು ಬಲ್ಲವರು ಇರುವಾಗಲೇ, ಬೇಗ ಹೋಗಿ ಕೇಳಿ ಬರೆದುಕೊಳ್ಳುವ ಹೊಣೆ ನಮ್ಮ ಮೇಲಿದೆ.